ಒಂದು ಸಾವು ಅಂಕಿಯಾಗುವ ದಾರಿ: ಆತ್ಮಹತ್ಯೆಯ ಬಗ್ಗೆ ಸಂಶೋಧನೆ ಮಾಡಬೇಕೆನ್ನುವ ನಮ್ಮ ಭಾಗದ ಸಮಾಜಶಾಸ್ತ್ರ ವಿದ್ಯಾರ್ಥಿಗಳಿಗೆ

ಸಮಾಜಶಾಸ್ತ್ರದಲ್ಲಿ ಎಂ.ಎ. ಮುಗಿಸಿದವರು ವರ್ಷಕ್ಕೆ ಮೂರ್ನಾಲ್ಕು ಜನ ನನ್ನ ಹತ್ತಿರ ಬರುತ್ತಾರೆ. ಸಿರುಗುಪ್ಪದವರು, ಮಸ್ಕಿಯವರು, ಕುಷ್ಟಗಿಯವರು. "ಮೇಡಂ, ಆತ್ಮಹತ್ಯೆ ಮೇಲೆ ಪಿಎಚ್.ಡಿ. ಮಾಡ್ಬೇಕು" ಅನ್ನುತ್ತಾರೆ. ಯಾಕೆ ಅಂತ ಕೇಳಿದರೆ ಸ್ವಲ್ಪ ಹೊತ್ತು ಸುಮ್ಮನಿರುತ್ತಾರೆ. ಆಮೇಲೆ ಹೇಳುತ್ತಾರೆ. ಚಿಕ್ಕಪ್ಪ, ಪಕ್ಕದ ಮನೆಯ ಅಕ್ಕ, ಹಾಸ್ಟೆಲ್ಲಿನ ಗೆಳೆಯ. ಹೆಚ್ಚುಕಡಿಮೆ ಎಲ್ಲರ ಹಿಂದೆಯೂ ಒಂದು ಹೆಸರು ಇರುತ್ತದೆ.

ಅವರಿಗೆ ಬಿಡಿಬಿಡಿಯಾಗಿ ಹೇಳುತ್ತಿದ್ದ ಮಾತುಗಳನ್ನು ಇಲ್ಲಿ ಒಟ್ಟಿಗೆ ಬರೆದಿದ್ದೇನೆ. ಯಾವ ಪರೀಕ್ಷೆ, ಯಾವ ಕಚೇರಿ, ಯಾವ ಕಾಗದ ಅನ್ನುವುದು ಇದರಲ್ಲಿದೆ. ಆದರೆ ಜಾಸ್ತಿ ಜಾಗ ತೆಗೆದುಕೊಂಡಿರುವುದು ಬೇರೆ ಎರಡು ವಿಷಯ: ಸಾವು ಅಂಕಿಯಾಗುವುದು ಹೇಗೆ, ಸಾವಾದ ಮನೆಗೆ ಹೋಗುವುದು ಹೇಗೆ. ಅವೆರಡು ಗೊತ್ತಾದರೆ ಉಳಿದದ್ದನ್ನು ದಾರಿಯಲ್ಲಿ ಕಲಿಯಬಹುದು.

ಒಂದು ಮಾತು ಮೊದಲೇ. ಇದನ್ನು ಓದುವಾಗ ನಿಮ್ಮದೇ ಮನಸ್ಸು ಭಾರವಾದರೆ ಪಕ್ಕಕ್ಕಿಡಿ. ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಯಾವಾಗ ಬೇಕಾದರೂ ಫೋನ್ ಮಾಡಬಹುದು. ದುಡ್ಡು ಕೊಡಬೇಕಿಲ್ಲ, ಕನ್ನಡದಲ್ಲೇ ಮಾತಾಡಬಹುದು.

ಮೊದಲು ನಿಮ್ಮ ಪ್ರಶ್ನೆ ಯಾವುದು ಅಂತ ನೋಡಿ

"ಈ ಮನುಷ್ಯ ಯಾಕೆ ಹೀಗೆ ಮಾಡಿಕೊಂಡ?" ಅನ್ನುವುದು ಮನೆಯವರ ಪ್ರಶ್ನೆ. ಮನೋವೈದ್ಯರ ಪ್ರಶ್ನೆಯೂ ಅದೇ. ಸಮಾಜಶಾಸ್ತ್ರದ ಪ್ರಶ್ನೆ ಬೇರೆ. ಈ ತಾಲ್ಲೂಕಿನಲ್ಲಿ ಜಾಸ್ತಿ, ಪಕ್ಕದ್ದರಲ್ಲಿ ಕಡಿಮೆ, ಯಾಕೆ? ಈ ವಯಸ್ಸಿನವರಲ್ಲೇ, ಈ ಕೆಲಸ ಮಾಡುವವರಲ್ಲೇ ಯಾಕೆ? ಸಾಮಾಜಿಕ ಸಾಂಕ್ರಾಮಿಕಶಾಸ್ತ್ರ ಅಂದರೆ ಇದೇ. ಹೆಸರು ಕೇಳಿ ಹೆದರಬೇಡಿ. ರೋಗ ಮತ್ತು ಸಾವು ಸಮಾಜದಲ್ಲಿ ಸಮನಾಗಿ ಹಂಚಿಕೊಂಡಿಲ್ಲ, ಹಾಗಾದರೆ ಯಾರ ಪಾಲಿಗೆ ಎಷ್ಟು, ಯಾಕೆ ಅಂತ ಹುಡುಕುವ ಕೆಲಸ.

ಒಂದು ಉದಾಹರಣೆ. ಬ್ರಿಟನ್ನಿನ ಸರ್ಕಾರಿ ನೌಕರರನ್ನು 1967ರಿಂದ ವರ್ಷಗಟ್ಟಲೆ ಗಮನಿಸಿದ ಅಧ್ಯಯನ ಇದೆ, ವೈಟ್‌ಹಾಲ್ ಅಧ್ಯಯನ ಅಂತ ಹೆಸರು. ಮೈಕೆಲ್ ಮಾರ್ಮಟ್ ಹೆಸರು ಅದರ ಜೊತೆ ಕೇಳಿಬರುತ್ತದೆ. ಅದರಲ್ಲಿದ್ದವರೆಲ್ಲ ಸಂಬಳ ಬರುವ ಜನ, ಹಸಿವಿನಿಂದ ಸತ್ತವರಲ್ಲ. ಆದರೂ ಕೆಳಗಿನ ಹುದ್ದೆಯವರು ಮೇಲಿನವರಿಗಿಂತ ಬೇಗ ಸಾಯುತ್ತಿದ್ದರು. ಹುದ್ದೆಯ ಮೆಟ್ಟಿಲು ಇಳಿದಂತೆ ಸಾವಿನ ಪ್ರಮಾಣ ಏರುತ್ತಿತ್ತು.

ಆತ್ಮಹತ್ಯೆಯ ವಿಷಯದಲ್ಲಿ ಎಲ್ಲರೂ ಹಿಂತಿರುಗಿ ಹೋಗುವುದು ಎಮಿಲ್ ಡರ್ಖೈಮ್ ಹತ್ತಿರ. 1897ರಲ್ಲಿ ಬಂದ ಅವರ ಪುಸ್ತಕ ಹೇಳಿದ್ದು ಇಷ್ಟು: ಪೂರ್ತಿ ಖಾಸಗಿ ಅನ್ನಿಸುವ ಈ ಸಾವಿಗೂ ಸಮಾಜದ ನಂಟು ಇದೆ. ಮನುಷ್ಯ ಮನುಷ್ಯನ ನಡುವಿನ ಹಗ್ಗ ತೀರಾ ಸಡಿಲವಾದರೂ ಕಷ್ಟ, ತೀರಾ ಬಿಗಿಯಾದರೂ ಕಷ್ಟ. ಎಂ.ಎ.ಯಲ್ಲಿ ಅವರು ಹೇಳಿದ ಆತ್ಮಹತ್ಯೆಯ ನಾಲ್ಕು ವಿಧಗಳ ಹೆಸರು ಬಾಯಿಪಾಠ ಮಾಡಿ ಪಾಸಾಗುತ್ತೇವೆ. ಅದು ಸಾಲದು. ದೇವದುರ್ಗದಿಂದ ಬೆಂಗಳೂರಿಗೆ ಗುಳೆ ಹೋದ ಕುಟುಂಬವನ್ನು ನೆನೆಸಿಕೊಂಡು ಓದಿ. ಗಂಡ ಹೆಂಡತಿ ಕಟ್ಟಡದ ಕೆಲಸದಲ್ಲಿ, ಮಕ್ಕಳು ಊರಲ್ಲಿ ಅಜ್ಜಿ ಹತ್ತಿರ. ಹಬ್ಬಕ್ಕೆ ಬಂದಾಗ ಮಾತ್ರ ಊರು. ಇವರ ಹಗ್ಗ ಎಲ್ಲಿ ಕಟ್ಟಿದೆ, ಎಲ್ಲಿ ಬಿಚ್ಚಿದೆ? ಹಾಗೆ ಓದಿದಾಗ ಡರ್ಖೈಮ್ ನಮ್ಮೂರಿಗೆ ಬರುತ್ತಾರೆ.

ಓದಿನ ದಾರಿ

ಬಿ.ಎ., ಎಂ.ಎ. ಹೇಗೂ ಗೊತ್ತಿದೆ. ಬಳ್ಳಾರಿಯಲ್ಲಿ ವಿಜಯನಗರ ಶ್ರೀಕೃಷ್ಣದೇವರಾಯ ವಿಶ್ವವಿದ್ಯಾಲಯ ಇದೆ. ರಾಯಚೂರು, ಕೊಪ್ಪಳದಲ್ಲೂ ಈಗ ವಿಶ್ವವಿದ್ಯಾಲಯಗಳು ಆಗಿವೆ. ಎಂ.ಎ. ಇಲ್ಲೇ ಮಾಡಿ, ತಪ್ಪೇನಿಲ್ಲ. ಆದರೆ ನಮ್ಮ ಪಠ್ಯದಲ್ಲಿ ಸಂಖ್ಯಾಶಾಸ್ತ್ರ ಕಡಿಮೆ. ಸಮಾಜಶಾಸ್ತ್ರ ತೆಗೆದುಕೊಂಡವರಲ್ಲಿ ಅರ್ಧ ಜನ ಗಣಿತಕ್ಕೆ ಹೆದರಿ ಈ ಕಡೆ ಬಂದವರು. ಆ ಹೆದರಿಕೆ ಈ ಕ್ಷೇತ್ರದಲ್ಲಿ ನಡೆಯೋದಿಲ್ಲ. ಪ್ರಮಾಣ, ಸರಾಸರಿ, ಹಿಂಚಲನೆ (ರಿಗ್ರೆಶನ್), ಇಷ್ಟಾದರೂ ಕೈಗೆ ಬರಬೇಕು. ಆರ್ ಅನ್ನುವ ಸಾಫ್ಟ್‌ವೇರ್ ಉಚಿತ. ನಕ್ಷೆಗೆ ಕ್ಯೂಜಿಐಎಸ್, ಅದೂ ಉಚಿತ. ಹಳೇ ಲ್ಯಾಪ್‌ಟಾಪಿನಲ್ಲೂ ಓಡುತ್ತವೆ. ದಿನಕ್ಕೆ ಒಂದು ಗಂಟೆ ಕೂತರೆ ಆರು ತಿಂಗಳಲ್ಲಿ ಕೈ ಕುದುರುತ್ತದೆ.

ಎಂ.ಎ. ಆದ ಮೇಲೆ ಸಾರ್ವಜನಿಕ ಆರೋಗ್ಯದ ಕಡೆ ಒಂದು ಹೆಜ್ಜೆ ಇಟ್ಟರೆ ಒಳ್ಳೆಯದು. ಮುಂಬೈನ ಐಐಪಿಎಸ್‌ನಲ್ಲಿ ಜನಸಂಖ್ಯಾ ಅಧ್ಯಯನ, ಅಲ್ಲೇ ಟಾಟಾ ಸಮಾಜ ವಿಜ್ಞಾನ ಸಂಸ್ಥೆ, ತಿರುವನಂತಪುರದ ಅಚ್ಯುತ ಮೆನನ್ ಕೇಂದ್ರ, ದೆಹಲಿ ಜೆಎನ್‌ಯುನಲ್ಲಿ ಸಾಮಾಜಿಕ ವೈದ್ಯಶಾಸ್ತ್ರ ಮತ್ತು ಸಮುದಾಯ ಆರೋಗ್ಯ ಕೇಂದ್ರ. ಬೆಂಗಳೂರಿನಲ್ಲಿ ನಿಮ್ಹಾನ್ಸ್ ಮತ್ತು ಐಸೆಕ್ (ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆ ಅಧ್ಯಯನ ಸಂಸ್ಥೆ). ದೂರ ಹೋಗಲು ಆಗದಿದ್ದರೆ ಇಲ್ಲಿಯ ಮೆಡಿಕಲ್ ಕಾಲೇಜುಗಳ ಸಮುದಾಯ ವೈದ್ಯಶಾಸ್ತ್ರ ವಿಭಾಗಕ್ಕೆ ಹೋಗಿ ಪರಿಚಯ ಮಾಡಿಕೊಳ್ಳಿ. ಬಳ್ಳಾರಿ, ರಾಯಚೂರು, ಕೊಪ್ಪಳ ಮೂರೂ ಕಡೆ ಸರ್ಕಾರಿ ಮೆಡಿಕಲ್ ಕಾಲೇಜು ಇದೆ. ಸಮಾಜಶಾಸ್ತ್ರದವರು ಅಲ್ಲಿಗೆ ಕಾಲಿಡುವುದೇ ಅಪರೂಪ, ಹಾಗಾಗಿ ಹೋದವರನ್ನು ನೆನಪಿಟ್ಟುಕೊಳ್ಳುತ್ತಾರೆ.

ಪರೀಕ್ಷೆಗಳ ವಿಷಯ ಚುಟುಕಾಗಿ ಹೇಳುತ್ತೇನೆ. ಯುಜಿಸಿ ನೆಟ್ (ಅಧ್ಯಾಪಕರ ಅರ್ಹತೆಗೂ ಜೆಆರ್‌ಎಫ್ ಅನ್ನುವ ಸಂಶೋಧನಾ ಫೆಲೋಶಿಪ್ಪಿಗೂ ನಡೆಯುವ ಪರೀಕ್ಷೆ) ವರ್ಷಕ್ಕೆ ಎರಡು ಸಲ. ಜೆಆರ್‌ಎಫ್ ಸಿಕ್ಕರೆ ತಿಂಗಳಿಗೆ 37,000 ರೂಪಾಯಿ, ಎರಡು ವರ್ಷದ ಮೇಲೆ 42,000. ಫೆಲೋಶಿಪ್ ಇಲ್ಲದೆ ಪಿಎಚ್.ಡಿ. ಎಳೆಯುವುದು ಎಷ್ಟು ಕಷ್ಟ ಅಂತ ಅನುಭವಿಸಿದ್ದೇನೆ. ಅದಕ್ಕೇ ಹೇಳುತ್ತೇನೆ, ಜೆಆರ್‌ಎಫ್‌ಗೆ ಒಂದು ವರ್ಷ ಪೂರ್ತಿ ಕೊಟ್ಟರೂ ನಷ್ಟವಿಲ್ಲ. ಕನ್ನಡ ಮಾಧ್ಯಮದವರಿಗೆ ರಾಜ್ಯದ ಅರ್ಹತಾ ಪರೀಕ್ಷೆ ಕೆ-ಸೆಟ್ ಅನುಕೂಲ, ಪ್ರಶ್ನೆಗಳು ಕನ್ನಡದಲ್ಲೂ ಇರುತ್ತವೆ. ಎಂ.ಫಿಲ್. ಈಗ ಇಲ್ಲ, 2022ರ ಯುಜಿಸಿ ನಿಯಮದಲ್ಲಿ ತೆಗೆದುಹಾಕಿದ್ದಾರೆ. ಪಿಎಚ್.ಡಿ.ಗೆ ಕನಿಷ್ಠ 3 ವರ್ಷ, ಗರಿಷ್ಠ 6. ಹೆಣ್ಣುಮಕ್ಕಳಿಗೆ 2 ವರ್ಷ ರಿಯಾಯಿತಿ ಇದೆ. ಕಲ್ಯಾಣ ಕರ್ನಾಟಕದವರಿಗೆ ಮೀಸಲಾತಿ ಕೊಡುವ 371(ಜೆ) ಪ್ರಮಾಣಪತ್ರವನ್ನು ಸಹಾಯಕ ಆಯುಕ್ತರ ಕಚೇರಿಯಿಂದ ಈಗಲೇ ಮಾಡಿಸಿಟ್ಟುಕೊಳ್ಳಿ. ಅರ್ಜಿಯ ಕೊನೇ ದಿನ ಓಡಾಡಿದವರ ಕಷ್ಟ ನೋಡಿದ್ದೇನೆ.

ಅಂಕಿ ಎಲ್ಲಿಂದ ಬರುತ್ತದೆ

ಇಲ್ಲಿ ಸ್ವಲ್ಪ ನಿಧಾನಿಸಿ.

ಭಾರತದ ಆತ್ಮಹತ್ಯೆಯ ಅಂಕಿಅಂಶ ಎಲ್ಲರೂ ತೆಗೆದುಕೊಳ್ಳುವುದು ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೋ, ಅಂದರೆ ಎನ್‌ಸಿಆರ್‌ಬಿಯ ವಾರ್ಷಿಕ ವರದಿಯಿಂದ. 2022ರ ವರದಿ ಪ್ರಕಾರ ದೇಶದಲ್ಲಿ 1,70,924 ಜನ, ಲಕ್ಷಕ್ಕೆ 12.4. ಕರ್ನಾಟಕದಲ್ಲಿ 13,606, ಲಕ್ಷಕ್ಕೆ ಸುಮಾರು 20. ಈ ಸಂಖ್ಯೆಗಳನ್ನು ಎತ್ತಿ ಪ್ರಬಂಧದ ಮೊದಲ ಪುಟಕ್ಕೆ ಹಾಕುವುದು ಸುಲಭ. ಹಾಕುವ ಮೊದಲು ಒಂದು ಠಾಣೆಗೆ ಹೋಗಿ.

ಠಾಣೆಯಲ್ಲಿ ಯುಡಿಆರ್ ಅಂತ ಇರುತ್ತದೆ, ಅಸ್ವಾಭಾವಿಕ ಮರಣದ ವರದಿ. ಹಿಂದೆ ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) 174ನೇ ಕಲಮಿನಡಿ ಬರುತ್ತಿತ್ತು, 2024ರ ಜುಲೈ 1ರಿಂದ ಅದರ ಜಾಗಕ್ಕೆ ಬಂದ ಹೊಸ ಕಾನೂನು ಬಿಎನ್‌ಎಸ್‌ಎಸ್ 194. ಮನೆಯವರು ಬಂದು ದೂರು ಕೊಡುತ್ತಾರೆ. ಬರೆಯುವುದು ಬಹಳ ಸಲ ಠಾಣೆಯವರೇ ಅಥವಾ ಊರಿನ ಬರಹ ಬಲ್ಲವರು. ನಾನು ಮೊದಲ ಸಲ ಆ ಕಾಗದಗಳನ್ನು ಸಾಲಾಗಿ ಓದಿದಾಗ ದಂಗಾದೆ. ಹತ್ತು ಮನೆ, ಹತ್ತು ಸಾವು, ಆದರೆ ಒಂದೇ ಭಾಷೆ. "ಹೊಟ್ಟೆನೋವು ತಾಳಲಾರದೆ." "ಜೀವನದಲ್ಲಿ ಜಿಗುಪ್ಸೆಗೊಂಡು." ಕೊನೆಗೆ "ಯಾರ ಮೇಲೂ ಯಾವುದೇ ಸಂಶಯ ಇರುವುದಿಲ್ಲ." ನಮ್ಮ ಪತ್ರಿಕೆಗಳ ಜಿಲ್ಲಾ ಪುಟಗಳಲ್ಲೂ ಇದೇ ಮಾತುಗಳನ್ನು ಓದುತ್ತಾ ಬೆಳೆದಿದ್ದೇವೆ, ಅಲ್ವಾ?

ಹೊಟ್ಟೆನೋವು ಸುಳ್ಳು ಅಂತ ನಾನು ಹೇಳುತ್ತಿಲ್ಲ. ನಿಜವಾಗಿಯೂ ವರ್ಷಗಟ್ಟಲೆ ನೋವು ತಿಂದವರಿದ್ದಾರೆ. ಆದರೆ ಆ ಮಾತು ಎಲ್ಲರಿಗೂ ಒಪ್ಪಿಗೆಯಾಗುವ ಮಾತು. ಅದರಲ್ಲಿ ಅತ್ತೆ ಮನೆಯವರ ಹೆಸರಿಲ್ಲ, ಬಡ್ಡಿಗೆ ಕೊಟ್ಟವನ ಹೆಸರಿಲ್ಲ, ಪರೀಕ್ಷೆಯಿಲ್ಲ, ಪ್ರೀತಿಯಿಲ್ಲ. ಹೆಣ ಬೇಗ ಕೈಗೆ ಸಿಗುತ್ತದೆ. ದುಃಖದಲ್ಲಿರುವ ಮನೆಗೆ ಆ ಹೊತ್ತಿಗೆ ಬೇಕಾದದ್ದು ಅದೇ. ಅವರನ್ನು ದೂರುವ ಹಾಗಿಲ್ಲ.

ಈಗ ಆ ಕಾಗದದ ಹಿಂದೆ ಹೋಗಿ. ಠಾಣೆಯಿಂದ ಜಿಲ್ಲಾ ಅಪರಾಧ ದಾಖಲೆಗಳ ಬ್ಯೂರೋಗೆ, ಅಲ್ಲಿಂದ ಬೆಂಗಳೂರಿಗೆ, ಅಲ್ಲಿಂದ ದೆಹಲಿಗೆ. ಹೊಟ್ಟೆನೋವು ಅಲ್ಲಿ "ಅನಾರೋಗ್ಯ" ಅನ್ನುವ ಕಾಲಮ್ಮಿಗೆ ಬೀಳುತ್ತದೆ. 2022ರ ವರದಿಯಲ್ಲಿ ಕೌಟುಂಬಿಕ ಸಮಸ್ಯೆ 31.7%, ಅನಾರೋಗ್ಯ 18.4%. ನಮ್ಮ ವಿದ್ಯಾರ್ಥಿ ಅದನ್ನು ನೋಡಿ "ಅನಾರೋಗ್ಯವೇ ಎರಡನೇ ದೊಡ್ಡ ಕಾರಣ" ಅಂತ ಬರೆಯುತ್ತಾನೆ. ಅವನು ಬರೆದದ್ದು ಸಾವಿನ ಕಾರಣ ಅಲ್ಲ. ಸಾವಿಗೆ ಠಾಣೆಯಲ್ಲಿ ಕೊಟ್ಟ ಹೆಸರು.

ಇದು ನಮ್ಮ ಪೊಲೀಸರದ್ದೊಂದೇ ಸಮಸ್ಯೆ ಅಂದುಕೊಳ್ಳಬೇಡಿ. ಪ್ರೊಟೆಸ್ಟಂಟರಿಗಿಂತ ಕ್ಯಾಥೊಲಿಕರಲ್ಲಿ ಆತ್ಮಹತ್ಯೆ ಕಡಿಮೆ ಅಂತ ಡರ್ಖೈಮ್ ಹೇಳಿದ್ದರು. 1996ರಲ್ಲಿ ವಾನ್ ಪೊಪ್ಪೆಲ್ ಮತ್ತು ಡೇ ಎನ್ನುವ ಇಬ್ಬರು ನೆದರ್‌ಲ್ಯಾಂಡ್ಸಿನ ಹಳೇ ಮರಣ ದಾಖಲೆಗಳನ್ನು ತೆಗೆದು ನೋಡಿದರು. ಕ್ಯಾಥೊಲಿಕರಲ್ಲಿ "ಹಠಾತ್ ಸಾವು", "ಕಾರಣ ತಿಳಿಯದ ಸಾವು" ಎನ್ನುವ ಕಾಲಮ್ಮುಗಳು ತುಂಬಿದ್ದವು. ಅವನ್ನೂ ಲೆಕ್ಕಕ್ಕೆ ಹಿಡಿದರೆ ಆ ವ್ಯತ್ಯಾಸ ಉಳಿಯಲಿಲ್ಲ. ಅಲ್ಲಿಯ ಹಠಾತ್ ಸಾವು, ಇಲ್ಲಿಯ ಹೊಟ್ಟೆನೋವು. ಕಥೆ ಒಂದೇ.

ನಮ್ಮ ದೇಶದಲ್ಲಿ ದಾಖಲೆಗೂ ನಿಜಕ್ಕೂ ನಡುವಿನ ಈ ಕಂದಕ ಎಷ್ಟು ಅಗಲ ಅನ್ನುವುದಕ್ಕೂ ಲೆಕ್ಕ ಇದೆ. ವಿಕ್ರಮ್ ಪಟೇಲ್ ಮತ್ತು ಸಂಗಡಿಗರು 2012ರಲ್ಲಿ ಪ್ರಕಟಿಸಿದ ಅಧ್ಯಯನ ಮನೆಮನೆಗೆ ಹೋಗಿ ಸಾವಿನ ಕಾರಣ ಕೇಳಿದ ಸಮೀಕ್ಷೆಯನ್ನು ಆಧರಿಸಿದ್ದು. ಅದರಂತೆ 2010ರಲ್ಲಿ ಸುಮಾರು 1,87,000 ಜನ. ಅದೇ ವರ್ಷ ಪೊಲೀಸ್ ಲೆಕ್ಕ ಸುಮಾರು 1,35,000. ಇನ್ನೊಂದು ಮಾತೂ ಅದರಲ್ಲಿತ್ತು, ನನ್ನ ಕೆಲಸದ ದಿಕ್ಕು ಬದಲಿಸಿದ ಮಾತು. ಹೀಗೆ ಸತ್ತ ಹೆಂಗಸರಲ್ಲಿ 56% ಜನ 15ರಿಂದ 29ರೊಳಗಿನವರು. ನಾನು ಅಲ್ಲಿಯವರೆಗೆ ರೈತರ ಬಗ್ಗೆ ಮಾತ್ರ ಯೋಚಿಸುತ್ತಿದ್ದೆ.

ರೈತರ ಲೆಕ್ಕದಲ್ಲೂ ಇದೇ ತೊಡಕು. 2022ರಲ್ಲಿ ಕೃಷಿ ಕ್ಷೇತ್ರದಲ್ಲಿ 11,290 ಸಾವು: 5,207 ರೈತರು, 6,083 ಕೃಷಿ ಕಾರ್ಮಿಕರು. ಈಗ ಸಿಂಧನೂರು ಕಡೆ ಬನ್ನಿ. ಹತ್ತು ಎಕರೆ ಲೀಜಿಗೆ ಹಾಕಿಕೊಂಡು ಭತ್ತ ಬೆಳೆದವನ ಹೆಸರಲ್ಲಿ ಪಹಣಿ ಇಲ್ಲ. ಅವನು ರೈತನಾ, ಕೂಲಿಯಾ? ದಿನಾ ಹತ್ತಿ ಬಿಡಿಸುವ, ಮೆಣಸಿನಕಾಯಿ ಹರಿಯುವ ಹೆಂಗಸು ದಾಖಲೆಯಲ್ಲಿ "ಗೃಹಿಣಿ". 2022ರ ಒಟ್ಟು ಸಾವುಗಳಲ್ಲಿ ದಿನಗೂಲಿಯವರು 26.4%, ಗೃಹಿಣಿಯರು 14.8%. ಇವರಲ್ಲಿ ಎಷ್ಟು ಜನ ಹೊಲದಲ್ಲಿ ಬೆನ್ನು ಬಗ್ಗಿಸಿದವರು ಅಂತ ಆ ಪುಟ ಹೇಳುವುದಿಲ್ಲ. ಸಾಲದ್ದೂ ಅಷ್ಟೇ. ಬ್ಯಾಂಕಿನ ಸಾಲಕ್ಕೆ ಕಾಗದ ಇದೆ. ದಲಾಲಿ ಅಂಗಡಿಯ ಮುಂಗಡಕ್ಕೆ, ಕೈಸಾಲಕ್ಕೆ ಕಾಗದ ಎಲ್ಲಿ? ರಾಜ್ಯದಲ್ಲಿ ಸಾಲದಿಂದ ಜೀವ ಕಳೆದುಕೊಂಡ ರೈತನ ಕುಟುಂಬಕ್ಕೆ 2015ರಿಂದ 5 ಲಕ್ಷ ಪರಿಹಾರ ಇದೆ. ಅದು ಸಿಗುವುದು ಕಾಗದ ಇದ್ದವರಿಗೆ.

ಇದನ್ನು ಮೊದಲು ಹೇಳಿದ್ದು ನಾನಲ್ಲ. 1990ರ ದಶಕದ ಕೊನೆಗೆ ಬೀದರಿನ ತೊಗರಿ ಬೆಳೆಗಾರರ ಸಾವುಗಳ ಬಗ್ಗೆ ಎ.ಆರ್. ವಾಸವಿ ಬರೆದರು. ರಾಜ್ಯ ಸರ್ಕಾರಕ್ಕೆ ಡಾ. ಜಿ.ಕೆ. ವೀರೇಶ್ ಸಮಿತಿ 2002ರಲ್ಲಿ ವರದಿ ಕೊಟ್ಟಿತು. ಕೆಲಸ ಶುರು ಮಾಡುವ ಮೊದಲು ಇವೆರಡನ್ನೂ ಹುಡುಕಿ ಓದಿ. ಕಲ್ಯಾಣ ಕರ್ನಾಟಕದ ನೆಲದ ಮೇಲೆ ನಿಂತು ಬರೆದ ಮೊದಲ ಬರಹ ಯಾವ ಪ್ರಶ್ನೆ ಕೇಳಿತ್ತು ಅಂತ ಗೊತ್ತಿರಬೇಕು.

ಲೆಕ್ಕ ಹಾಕುವಾಗ ಎರಡು ಗುಂಡಿ

ಎನ್‌ಸಿಆರ್‌ಬಿ ವರದಿಯಲ್ಲಿ ಕೊಪ್ಪಳ ಹುಡುಕಿದರೆ ಸಿಗುವುದಿಲ್ಲ. ಅದು ರಾಜ್ಯ ಮತ್ತು 53 ದೊಡ್ಡ ನಗರಗಳ ಲೆಕ್ಕ ಕೊಡುತ್ತದೆ. ಜಿಲ್ಲೆ, ತಾಲ್ಲೂಕಿನ ಅಂಕಿ ಬೇಕಾದರೆ ಎಸ್‌ಪಿ ಕಚೇರಿಗೆ ಪತ್ರ ಬರೆಯಬೇಕು. ಮಾರ್ಗದರ್ಶಕರ ಸಹಿ, ವಿಶ್ವವಿದ್ಯಾಲಯದ ಲೆಟರ್‌ಹೆಡ್, ಏನು ಬೇಕು ಅನ್ನುವುದರ ಒಂದು ಪುಟದ ವಿವರ. ಹೆಸರು ವಿಳಾಸ ಬೇಡ, ವಯಸ್ಸು, ಲಿಂಗ, ತಾಲ್ಲೂಕು, ವರ್ಷ ಸಾಕು ಅಂತ ಮೊದಲೇ ಹೇಳಿದರೆ ಬೇಗ ಒಪ್ಪುತ್ತಾರೆ. ಉತ್ತರ ಬರದಿದ್ದರೆ ಮಾಹಿತಿ ಹಕ್ಕಿನ ಅರ್ಜಿ, 30 ದಿನ.

ಮೊದಲ ಗುಂಡಿ: ಭಾಗಿಸುವ ಸಂಖ್ಯೆ. ಕೊನೆಯ ಜನಗಣತಿ 2011ರದ್ದು. ಆಗ ಬಳ್ಳಾರಿ ಜಿಲ್ಲೆಯಲ್ಲಿ 24.5 ಲಕ್ಷ ಜನ. 2021ರಲ್ಲಿ ವಿಜಯನಗರ ಬೇರೆ ಜಿಲ್ಲೆಯಾಯಿತು. ಈಗಿನ ಬಳ್ಳಾರಿಯ ಸಾವುಗಳನ್ನು ಹಳೇ ಬಳ್ಳಾರಿಯ ಜನಸಂಖ್ಯೆಯಿಂದ ಭಾಗಿಸಿದರೆ ಪ್ರಮಾಣ ಅರ್ಧಕ್ಕರ್ಧ ಇಳಿದಂತೆ ಕಾಣುತ್ತದೆ. ಹಾಗೆ ಮಾಡಿ "ಬಳ್ಳಾರಿಯಲ್ಲಿ ಆತ್ಮಹತ್ಯೆ ಇಳಿಮುಖ" ಅಂತ ಬರೆದ ಕರಡನ್ನು ನಾನೇ ತಿದ್ದಿದ್ದೇನೆ. ತಾಲ್ಲೂಕುವಾರು ಕೂಡಿಸಿಕೊಂಡು ಲೆಕ್ಕ ಹಾಕಿ.

ಎರಡನೆಯದು ಸಣ್ಣ ಸಂಖ್ಯೆ. ಎರಡೂವರೆ ಲಕ್ಷ ಜನರ ತಾಲ್ಲೂಕು ಅಂದುಕೊಳ್ಳಿ. ಲಕ್ಷಕ್ಕೆ 20ರಂತೆ ವರ್ಷಕ್ಕೆ 50 ಸಾವು. ಏನೂ ಬದಲಾಗದಿದ್ದರೂ ಒಂದು ವರ್ಷ 40, ಇನ್ನೊಂದು ವರ್ಷ 60 ಬರಬಹುದು. ಅದು ಬರೀ ಏರಿಳಿತ. ಆ 60 ನೋಡಿ ಆ ವರ್ಷದ ಬರವನ್ನೋ, ಕಾಲುವೆಗೆ ನೀರು ಬಾರದ್ದನ್ನೋ ಕಾರಣ ಮಾಡಿಬಿಡುತ್ತೇವೆ. ಐದು ವರ್ಷದ ಅಂಕಿ ಕೂಡಿಸಿ ನೋಡಿ. ಕಾಲುವೆಯ ಮೇಲ್ಭಾಗದ ಊರು ಮತ್ತು ಟೇಲೆಂಡ್ (ಕಾಲುವೆಯ ಕೊನೆಯ) ಊರು ಹೋಲಿಸುವುದಾದರೂ ಐದು ವರ್ಷದ ಮೇಲೆ ಹೋಲಿಸಿ. ಹಾಗಿದ್ದೂ, ಟೇಲೆಂಡ್ ಊರಲ್ಲಿ ಪ್ರಮಾಣ ಜಾಸ್ತಿ ಅಂದ ಮಾತ್ರಕ್ಕೆ ಸತ್ತವರು ನೀರು ಸಿಗದ ರೈತರೇ ಅಂತ ಅಲ್ಲ. ಅದು ಮನೆಗೆ ಹೋದಾಗಲೇ ಗೊತ್ತಾಗುವುದು.

ಮನೆಗೆ ಹೋಗುವ ಮೊದಲು

ಸಂಶೋಧನೆಯಿಂದ ಯಾರಿಗೂ ಹಾನಿಯಾಗದಂತೆ ನೋಡುವ ನೈತಿಕ ಸಮಿತಿಯ ಒಪ್ಪಿಗೆ ಇಲ್ಲದೆ ಒಂದು ಮನೆಗೂ ಹೋಗಬೇಡಿ. ನಿಮ್ಮ ವಿಭಾಗದಲ್ಲಿ ಅಂಥ ಸಮಿತಿ ಇಲ್ಲದಿದ್ದರೆ ಮೆಡಿಕಲ್ ಕಾಲೇಜಿನ ಸಮಿತಿಯನ್ನು ಕೇಳಿ. ಐಸಿಎಂಆರ್‌ನ (ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ) 2017ರ ಮಾರ್ಗಸೂಚಿ ಉಚಿತವಾಗಿ ಸಿಗುತ್ತದೆ, ಅದರಂತೆ ಅರ್ಜಿ ಬರೆಯಿರಿ. ಸಮಿತಿ ಕೇಳುವ ಪ್ರಶ್ನೆ ಒಂದೇ ಮುಖ್ಯ: ಮಾತಾಡುತ್ತಾ ಆ ಮನೆಯವರಿಗೇ ಸಾಯಬೇಕು ಅನ್ನಿಸಿದರೆ ಏನು ಮಾಡುತ್ತೀರಿ?

ಅದಕ್ಕೆ ಉತ್ತರ ಕಾಗದದ ಮೇಲೆ ಇರಬೇಕು, ಬಾಯಲ್ಲೂ ಬರಬೇಕು. ಸಂದರ್ಶನ ಅಲ್ಲಿಗೇ ನಿಲ್ಲಿಸಿ. ಪುಸ್ತಕ ಮುಚ್ಚಿ. "ಸಾಯಬೇಕು ಅನ್ನಿಸ್ತಿದೆಯಾ?" ಅಂತ ನೇರವಾಗಿ ಕೇಳಿ. ಕೇಳಿದರೆ ಆ ಯೋಚನೆ ತಲೆಗೆ ಹೊಕ್ಕುತ್ತದೆ ಅನ್ನುವುದು ತಪ್ಪು ತಿಳುವಳಿಕೆ. ಅವರನ್ನು ಒಬ್ಬರೇ ಬಿಟ್ಟು ಎದ್ದು ಬರಬೇಡಿ. ಅವರು ನಂಬುವ ಒಬ್ಬರನ್ನು ಅವರನ್ನೇ ಕೇಳಿ ಕರೆಸಿ. 14416ಕ್ಕೆ ಅಲ್ಲಿಂದಲೇ ಫೋನ್ ಹಚ್ಚಿ ಕೊಡಿ. ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮದ ತಂಡದ ನಂಬರ್ ಮೊದಲೇ ನಿಮ್ಮ ಫೋನಿನಲ್ಲಿರಲಿ, ಹೋಗಿ ಭೇಟಿಯೂ ಆಗಿರಿ.

ಅಂದ ಹಾಗೆ, ಆ ಕಾರ್ಯಕ್ರಮ ದೇಶಕ್ಕೆ ಹೋದದ್ದು ನಮ್ಮ ಬಳ್ಳಾರಿಯಿಂದ. ನಿಮ್ಹಾನ್ಸ್ 1980ರ ದಶಕದಲ್ಲಿ ಬಳ್ಳಾರಿ ಜಿಲ್ಲೆಯಲ್ಲಿ ಇದನ್ನು ಮಾಡಿ ನೋಡಿತು. ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರಿಗೆ, ಸಿಬ್ಬಂದಿಗೆ ತರಬೇತಿ ಕೊಟ್ಟು ಹಳ್ಳಿಯಲ್ಲೇ ಮನೋರೋಗಕ್ಕೆ ಔಷಧಿ ಕೊಡಬಹುದು ಅಂತ ತೋರಿಸಿತು. "ಬಳ್ಳಾರಿ ಮಾದರಿ" ಅಂತಲೇ ಹೆಸರಾಗಿ 1996ರಲ್ಲಿ ಅದು ರಾಷ್ಟ್ರೀಯ ಕಾರ್ಯಕ್ರಮವಾಯಿತು. ಬಳ್ಳಾರಿ ಅಂದರೆ ಗಣಿ, ಬಿಸಿಲು ಅನ್ನುವವರಿಗೆ ಇದನ್ನು ಹೇಳಿ. ಈ ವಿಷಯದ ಮೇಲೇ ಇನ್ನೊಂದು ಪಿಎಚ್.ಡಿ. ಮಾಡಬಹುದು.

ಸಾವಾದ ಕೂಡಲೇ ಹೋಗಬಾರದು. ಕನಿಷ್ಠ ಮೂರು ತಿಂಗಳು ಬಿಡಿ. ವರ್ಷದ ತಿಥಿ ಹತ್ತಿರ ಇದ್ದಾಗ ಬೇಡ. ಬಿತ್ತನೆಯ ವಾರ ಬೇಡ. ಜೀಪಿನಲ್ಲಿ ಹೋಗಬೇಡಿ, ಇಡೀ ಓಣಿ ಕೂಡುತ್ತದೆ. ಆಶಾ ಕಾರ್ಯಕರ್ತೆಯ ಮೂಲಕ ಮೊದಲು ಕೇಳಿಸಿ, ಬರಬಹುದು ಅಂದರೆ ಮಾತ್ರ ಹೋಗಿ.

ಪ್ರಶ್ನಾವಳಿಯ ಕನ್ನಡವನ್ನೂ ನೋಡಿಕೊಳ್ಳಿ. "ಖಿನ್ನತೆ ಇತ್ತೇ?" ಅಂದರೆ ನಮ್ಮ ಹಳ್ಳಿಯಲ್ಲಿ ಯಾರಿಗೂ ಅರ್ಥವಾಗೋದಿಲ್ಲ. "ಮನಸ್ಸಿಗೆ ಬ್ಯಾಸರ ಆಗಿತ್ತೇನ್ರಿ", "ಚಿಂತಿ ಹಚ್ಕೊಂಡಿದ್ರೇನ್ರಿ", "ಊಟ ನಿದ್ದಿ ಹೆಂಗಿತ್ರಿ" ಅಂತ ಕೇಳಿ. ಆತ್ಮಹತ್ಯೆ ಅನ್ನುವ ಪದವನ್ನು ನಾನು ಮನೆಯೊಳಗೆ ಬಳಸುವುದೇ ಇಲ್ಲ. ಅದರಲ್ಲಿ ಹತ್ಯೆ ಇದೆ. ಮನೆಯವರು "ಹಿಂಗ ಮಾಡ್ಕೊಂಡ" ಅನ್ನುತ್ತಾರೆ, "ಜೀವ ಕಳ್ಕೊಂಡ" ಅನ್ನುತ್ತಾರೆ. ಅವರ ಮಾತನ್ನೇ ಹಿಡಿದು ಹೋಗಿ.

ಮನೆಯಲ್ಲಿ

ಮಾನ್ವಿ ಕಡೆಯ ಒಂದು ಊರು. ಗಂಡ ತೀರಿಕೊಂಡು ಏಳು ತಿಂಗಳಾಗಿತ್ತು. ನಾನು ಹೊಸ್ತಿಲು ದಾಟಿ ಕೂರುವ ಮೊದಲೇ ಆ ಹೆಣ್ಣುಮಗಳು ಒಳಗೆ ಹೋಗಿ ಒಂದು ಪ್ಲಾಸ್ಟಿಕ್ ಚೀಲ ತಂದು ನನ್ನ ಮುಂದೆ ಇಟ್ಟಳು. ಸೀರೆ ಅಂಗಡಿಯ ಚೀಲ, ಬಾಯಿಗೆ ರಬ್ಬರ್ ಬ್ಯಾಂಡ್. "ಇದ್ರಾಗ ಎಲ್ಲಾ ಐತ್ರಿ ಮೇಡಂ" ಅಂದಳು. ಪಹಣಿ, ಆಧಾರ್, ಪಾಸ್‌ಬುಕ್, ಪೋಸ್ಟ್‌ಮಾರ್ಟಂ ವರದಿಯ ಜೆರಾಕ್ಸ್, ಮರಣ ಪ್ರಮಾಣಪತ್ರದ ನಾಲ್ಕು ಪ್ರತಿ. ಮಡಿಕೆ ಬಿದ್ದ ಕಡೆ ಜೆರಾಕ್ಸಿನ ಕಪ್ಪು ಉದುರಿತ್ತು. ಎಷ್ಟು ಜನ ಬಂದು ಬಿಚ್ಚಿರಬೇಕು, ಎಷ್ಟು ಸಲ ಮಡಚಿರಬೇಕು. "ಯಾರ ಕಡೆಯಿಂದ ಬಂದೀರಿ?" ಅಂತ ಕೇಳಲೇ ಇಲ್ಲ. ಕಾಗದ ನೋಡಲು ಬಂದವಳು ಅಂತ ಅವಳಿಗೆ ಗೊತ್ತಿತ್ತು.

ಆ ಚೀಲವನ್ನು ಬಿಚ್ಚಬೇಡಿ. ಪಕ್ಕಕ್ಕಿಡಿ. ನಾನು ಅವತ್ತು ಹೇಳಿದ್ದು ಇಷ್ಟು: "ನಾನು ಸರ್ಕಾರದಾಕಿ ಅಲ್ಲಮ್ಮ. ನನ್ನಿಂದ ಪರಿಹಾರ ಬರೋದಿಲ್ಲ. ಬರದಂಗ ಮಾಡೋದೂ ಇಲ್ಲ. ಕಾಲೇಜಿನಾಗ ಓದಸ್ತೀನಿ. ನಿಮ್ಮ ಮನಿ ವಿಷಯ ಕೇಳಾಕ ಬಂದೀನಿ. ಬ್ಯಾಡ ಅಂದ್ರ ಈಗ್ಲೇ ಹೋಗ್ತೀನಿ." ಬಹಳ ಹೊತ್ತು ಅವಳು ಚೀಲವನ್ನೇ ನೋಡಿದಳು. ಆಮೇಲೆ ಚಹಾ ಇಡಲು ಎದ್ದಳು. ಮಾತು ಶುರುವಾದದ್ದು ಒಲೆಯ ಹತ್ತಿರ. ಅವಳು ಹೇಳಿದ ಕಥೆಯಲ್ಲಿ ಬೆಳೆಸಾಲ ಬಂದದ್ದು ಮುಕ್ಕಾಲು ಗಂಟೆಯ ಮೇಲೆ. ಅದಕ್ಕಿಂತ ಮೊದಲು ಬಂದದ್ದು ಸಂಘದ ವಾರದ ಕಂತು, ಕಟ್ಟದ ದಿನ ಉಳಿದ ಹೆಂಗಸರು ಮನೆ ಮುಂದೆ ಬಂದು ಕೂತದ್ದು, ಆ ನಾಚಿಕೆಯಲ್ಲಿ ಗಂಡ ಎರಡು ದಿನ ಹೊರಗೆ ಬಾರದಿದ್ದದ್ದು. ಸಾಲದ ಮೊತ್ತ ನನ್ನ ಪ್ರಶ್ನಾವಳಿಯಲ್ಲಿತ್ತು. ನಾಚಿಕೆ ಇರಲಿಲ್ಲ. ಮಾರನೇ ದಿನ ಪ್ರಶ್ನಾವಳಿ ತಿದ್ದಿದೆ.

ಹೇಗೆ ಸತ್ತರು ಅನ್ನುವ ವಿವರ ಕೇಳಬೇಡಿ. ನಿಮ್ಮ ಪ್ರಶ್ನೆಗೆ ಅದು ಬೇಕಿಲ್ಲ. ಅವರಾಗಿ ಹೇಳಿದರೆ ಕೇಳಿಸಿಕೊಳ್ಳಿ, ಬರೆದುಕೊಳ್ಳಬೇಡಿ. ಫೋಟೊ ಬೇಡ. ಮಕ್ಕಳಿದ್ದರೆ ಅವರ ಮುಂದೆ ಮಾತೇ ಬೇಡ. ಹೋಗುವಾಗ ಹಣ್ಣು ಒಯ್ಯಬಹುದು, ದುಡ್ಡು ಕೊಡುವುದು ಬೇಡ. ಒಂದು ವಾರದ ಮೇಲೆ ಮತ್ತೆ ಫೋನ್ ಮಾಡಿ, ಸಂಶೋಧನೆಗೆ ಏನೂ ಬೇಕಿಲ್ಲದಿದ್ದರೂ.

ದಿನಕ್ಕೆ ಒಂದೇ ಮನೆ. ಎರಡು ಮಾಡಲು ಹೋಗಿ ನಾನು ಕೆಟ್ಟೆ. ಎರಡನೇ ವರ್ಷದಲ್ಲಿ ನಿದ್ದೆ ಹೋಯಿತು, ಬಸ್ಸಿನಲ್ಲಿ ಸುಮ್ನೆ ಅಳು ಬರುತ್ತಿತ್ತು. ನನ್ನ ಗೆಳತಿ ಹಿಡಿದು ಕೌನ್ಸೆಲಿಂಗಿಗೆ ಕರೆದುಕೊಂಡು ಹೋದಳು. ಮೂರು ತಿಂಗಳು ಕ್ಷೇತ್ರಕಾರ್ಯ ನಿಲ್ಲಿಸಿದೆ. ಪ್ರಬಂಧಕ್ಕೆ ಏನೂ ಆಗಲಿಲ್ಲ. ಸ್ವಂತ ಮನೆಯಲ್ಲಿ ಇಂಥ ಸಾವು ಆದವರಾದರೆ ಒಂದೆರಡು ವರ್ಷ ಬರೀ ಅಂಕಿಗಳ ಮೇಲೆ ಕೆಲಸ ಮಾಡಿ, ಮನೆಗಳಿಗೆ ಆಮೇಲೆ ಹೋಗಿ.

ಕೆಲಸ, ಸಂಬಳ

ಪಿಎಚ್.ಡಿ. ಆದ ಮೇಲೆ ನೇರವಾಗಿ ಖಾಯಂ ಕೆಲಸ ಸಿಗುತ್ತದೆ ಅಂತ ಯಾರಿಗೂ ಹೇಳಲಾರೆ. ಸಹಾಯಕ ಪ್ರಾಧ್ಯಾಪಕರ ಆರಂಭದ ಮೂಲವೇತನ 57,700. ಅದು ಬರುವವರೆಗೆ ಅತಿಥಿ ಉಪನ್ಯಾಸಕರ ಕೆಲಸ. ನಾನು ಒಂದು ಕಾಲೇಜಿನಲ್ಲಿ ಹಾಗೆ ವರ್ಷಗಟ್ಟಲೆ ದುಡಿದೆ, ಸಂಬಳ ಐದಾರು ತಿಂಗಳಿಗೊಮ್ಮೆ ಬರುತ್ತಿತ್ತು. ಆ ವರ್ಷಗಳಲ್ಲಿ ನನ್ನನ್ನು ಉಳಿಸಿದ್ದು ಲೆಕ್ಕ ಗೊತ್ತಿದ್ದದ್ದು. ಆರೋಗ್ಯ ಸಮೀಕ್ಷೆಗಳಲ್ಲಿ, ಮೆಡಿಕಲ್ ಕಾಲೇಜಿನ ಪ್ರಾಜೆಕ್ಟುಗಳಲ್ಲಿ ಸಂಶೋಧನಾ ಸಹಾಯಕಿಯಾಗಿ ಕೆಲಸ ಸಿಗುತ್ತಿತ್ತು. ಕನ್ನಡದಲ್ಲಿ ಮಾತಾಡಿಸಿ ಇಂಗ್ಲಿಷಿನಲ್ಲಿ ವರದಿ ಬರೆಯುವವರು ಅವರಿಗೆ ಯಾವಾಗಲೂ ಬೇಕು. ಸಂಶೋಧನಾ ಪತ್ರಿಕೆಗಳ ವಿಷಯದಲ್ಲಿ ಒಂದೇ ಮಾತು: ದುಡ್ಡು ಕೊಟ್ಟರೆ ವಾರದಲ್ಲಿ ಛಾಪಿಸುತ್ತೇವೆ ಅನ್ನುವವರಿಗೆ ಕೊಡಬೇಡಿ.

ಬರೆದದ್ದನ್ನು ಯಾರಿಗೆ ಕೊಡಬೇಕು

ಪ್ರಬಂಧ ಕಪಾಟಿಗೆ ಹೋದರೆ ಇಷ್ಟೆಲ್ಲ ಯಾಕೆ? ಸಂಶೋಧನೆ ಸಾವನ್ನು ತಡೆದದ್ದಕ್ಕೆ ಉದಾಹರಣೆ ಇದೆ. ಶ್ರೀಲಂಕಾದಲ್ಲಿ ಅತಿ ವಿಷಕಾರಿ ಕೀಟನಾಶಕಗಳನ್ನು ಒಂದೊಂದಾಗಿ ನಿಷೇಧಿಸಿದ ಮೇಲೆ 1995ರಿಂದ 2005ರೊಳಗೆ ಆತ್ಮಹತ್ಯೆಯ ಪ್ರಮಾಣ ಅರ್ಧಕ್ಕೆ ಇಳಿಯಿತು. ನಮ್ಮ ದೇಶದ ರಾಷ್ಟ್ರೀಯ ಆತ್ಮಹತ್ಯೆ ತಡೆ ಕಾರ್ಯತಂತ್ರ 2022ರ ನವೆಂಬರಿನಲ್ಲಿ ಬಂತು, 2030ರೊಳಗೆ ಸಾವುಗಳನ್ನು 10% ಇಳಿಸುವ ಗುರಿ. ಜಿಲ್ಲಾ ಮಟ್ಟ ಮುಟ್ಟುವುದು ನಿಮ್ಮಂಥವರ ನಾಲ್ಕು ಪುಟದಿಂದ. ಜಿಲ್ಲಾ ಆರೋಗ್ಯಾಧಿಕಾರಿ, ಜಂಟಿ ಕೃಷಿ ನಿರ್ದೇಶಕರು, ಎಸ್‌ಪಿ ಮೂವರಿಗೂ ಕನ್ನಡದಲ್ಲಿ ನಾಲ್ಕೇ ಪುಟ ಬರೆದು ಕೈಯಲ್ಲಿ ಕೊಡಿ. ಪತ್ರಕರ್ತರು ಫೋನ್ ಮಾಡಿದರೆ ಅಂಕಿ ಕೊಡಿ, ಮನೆಯ ಗುರುತು ಕೊಡಬೇಡಿ, ಸಹಾಯವಾಣಿ ನಂಬರ್ ಹಾಕಿ ಅಂತ ಕೇಳಿಕೊಳ್ಳಿ.

ಅದಕ್ಕೂ ಮೊದಲು ಒಂದು ಕೆಲಸ. ಯಾರ ಮನೆಯ ಮಾತನ್ನು ಬರೆದಿದ್ದೀರೋ ಅವರಿಗೆ ಆ ಭಾಗ ಓದಿ ಹೇಳಿ. ಹೆಸರು ಊರು ಬದಲಾಯಿಸಿದ್ದರೂ ಓದಿ ಹೇಳಿ. ಯಲಬುರ್ಗಾ ತಾಲ್ಲೂಕಿನ ಒಬ್ಬ ಅಜ್ಜನಿಗೆ ಅವರ ಮೊಮ್ಮಗಳ ಬಗ್ಗೆ ಬರೆದ ಎರಡು ಪುಟ ಓದಿದೆ. ಕಣ್ಣು ಮುಚ್ಚಿಕೊಂಡು ಕೇಳಿದರು. ಒಂದು ಸಾಲಿನ ಹತ್ತಿರ ಕೈ ಎತ್ತಿದರು. ಅವಳು ಕೊನೆಯ ಸಲ ಫೋನಿನಲ್ಲಿ ಅವರಿಗೆ ಹೇಳಿದ ಮಾತು ಅದು. ಇಡೀ ಅಧ್ಯಾಯ ನಿಂತದ್ದೇ ಆ ಸಾಲಿನ ಮೇಲೆ. "ಅದೊಂದ್ ತಗೀರಿ ತಾಯಿ, ಅದು ನನಗ ಹೇಳಿದ್ದು" ಅಂದರು. ಪೆನ್ನು ತೆಗೆದು ಅವರ ಮುಂದೆಯೇ ಹೊಡೆದು ಹಾಕಿದೆ. ಇನ್ನೊಮ್ಮೆ ಓದು ಅಂದರು. ಆ ಸಾಲು ಬಿಟ್ಟು ಮೊದಲಿನಿಂದ ಓದಿದೆ.